ದಂಗೆಯ ದೇಶದಿಂದ ಹಡಗು ಹತ್ತಿ ಬಂದವರ ಅನುಭವ ಬೇಕಾಗಿದೆ

ರಾಜಾಜಿನಗರದಿಂದ ಪ್ರಶ್ನೆ:
ನನ್ನ ತಮ್ಮ ಆಫ್ರಿಕದಲ್ಲಿ ಕೆಲಸದಲ್ಲಿದ್ದಾನೆ. ಅಲ್ಲಿ ಸರ್ಕಾರದ ವಿರುದ್ಧ ಜನ ಬೀದಿಗಿಳಿದಿದ್ದಾರೆ, ವಿಮಾನ ನಿಲ್ದಾಣ ಮುಚ್ಚಿದೆ. ನಮ್ಮ ನೌಕಾಪಡೆಯ ಹಡಗು ಬರಬಹುದು ಎನ್ನುತ್ತಾರೆ. ಅಮ್ಮ ಊಟ ಬಿಟ್ಟು ಕುಳಿತಿದ್ದಾರೆ. ಅವನು ಏನೇನು ಸಿದ್ಧ ಮಾಡಿಕೊಳ್ಳಬೇಕು? ಹೀಗೆ ಬಂದವರು ದಯವಿಟ್ಟು ತಿಳಿಸಿ.

ಯಲಹಂಕದಿಂದ:
ಅಕ್ಕ, 2023ರಲ್ಲಿ ನಾನು ಸುಡಾನಿನ ಖಾರ್ಟೂಮ್‌ನಲ್ಲಿದ್ದೆ. ಏಪ್ರಿಲ್ 15ರಂದು ಸೇನೆಗೂ ಅರೆಸೇನಾ ಪಡೆಗೂ ಕಾಳಗ ಶುರುವಾಗಿ ವಿಮಾನ ನಿಲ್ದಾಣವೇ ರಣರಂಗವಾಯಿತು. ತಮ್ಮನಿಗೆ ಮೊದಲು ಹೇಳಬೇಕಾದದ್ದು: ಹಡಗು ಬಂದು ನಿಲ್ಲುವುದು ಬಂದರಿನಲ್ಲಿ. ಅಲ್ಲಿಗೆ ತಲುಪುವುದೇ ನಿಜವಾದ ಕಷ್ಟ. ನಮ್ಮ ನೌಕಾಪಡೆಯ ಐಎನ್‌ಎಸ್ ಸುಮೇಧಾ ಪೋರ್ಟ್ ಸುಡಾನ್ ಬಂದರಿನಲ್ಲಿತ್ತು. ನಾವಿದ್ದದ್ದು ರಸ್ತೆಯಲ್ಲಿ 800 ಕಿಲೋಮೀಟರಿಗೂ ಹೆಚ್ಚು ದೂರ. ಡೀಸೆಲ್ ಇಲ್ಲ, ಕರೆಂಟ್ ಇಲ್ಲ, ಅಂಗಡಿ ತೆರೆದರೂ ನಗದಿಗಷ್ಟೇ ಸಾಮಾನು. ಆದ್ದರಿಂದ ಅವನು ಇಂದೇ ರಾಯಭಾರ ಕಚೇರಿಯಲ್ಲಿ ಹೆಸರು ನೋಂದಾಯಿಸಲಿ. ಬಸ್ ಹೊರಡುವ ಸುದ್ದಿ ಬರುವುದು ಅಲ್ಲಿಂದಲೇ. ಕೈಯಲ್ಲಿ ನಗದು, ನೀರು, ಒಣ ತಿಂಡಿ, ಚಾರ್ಜ್ ತುಂಬಿದ ಪವರ್ ಬ್ಯಾಂಕ್ ಇರಲಿ.

ಪಾಸ್‌ಪೋರ್ಟ್ ಯಾರ ಬಳಿ ಇದೆ, ಕೇಳಿದ್ದೀರಾ? ನಮ್ಮದು ಕಂಪನಿಯ ಕಪಾಟಿನಲ್ಲಿತ್ತು, ಕೀಲಿ ಇದ್ದವರು ಓಡಿಹೋಗಿದ್ದರು. ನನಗೆ ರಾಯಭಾರ ಕಚೇರಿಯವರೇ ತುರ್ತು ಪ್ರಯಾಣಪತ್ರ ಕೊಟ್ಟರು. ಹಳೆಯ ಪಾಸ್‌ಪೋರ್ಟಿನ ಚಿತ್ರ ಇಲ್ಲಿ ನನ್ನ ಹೆಂಡತಿಯ ಮೊಬೈಲಿನಲ್ಲಿದ್ದುದರಿಂದ ಕೆಲಸ ಬೇಗ ಆಯಿತು. ಇನ್ನೊಂದು, ಹಳದಿ ಜ್ವರದ ಲಸಿಕೆಯ ಕಾರ್ಡು. ಹಡಗಿನಲ್ಲಿ ಸೌದಿಯ ಜೆದ್ದಾ ಸೇರಿ, ಅಲ್ಲಿಂದ ವಿಮಾನದಲ್ಲಿ ಬೆಂಗಳೂರಿಗೆ ಇಳಿದ ಮೇಲೆ, ಆ ಕಾರ್ಡಿಲ್ಲದವರು ಮನೆಯ ಹತ್ತಿರಕ್ಕೆ ಬಂದೂ ಪ್ರತ್ಯೇಕ ವಾಸದಲ್ಲಿ ಉಳಿಯಬೇಕಾಯಿತು.

ಆ ದಿನಗಳಲ್ಲಿ ಗಿಡಮೂಲಿಕೆ ಮಾರಲು ಹೋಗಿದ್ದ ನಮ್ಮ ಹಕ್ಕಿಪಿಕ್ಕಿ ಸಮುದಾಯದವರೂ ಸುಡಾನಿನಲ್ಲಿ ಸಿಕ್ಕಿಕೊಂಡಿದ್ದರು. ಅವರೂ ಊರು ಸೇರಿದರು ಎಂದು ಅಮ್ಮನಿಗೆ ಹೇಳಿ.

ಬಸವನಗುಡಿಯಿಂದ:
ನಾನು ದಾದಿ. 2011ರ ಫೆಬ್ರವರಿಯಲ್ಲಿ ಗದ್ದಾಫಿ ವಿರುದ್ಧ ಕ್ರಾಂತಿ ಎದ್ದಾಗ ಲಿಬಿಯದ ಬೆಂಗಾಜಿಯಲ್ಲಿದ್ದೆ. ನೌಕಾಪಡೆಯ ಜಲಾಶ್ವ, ಮೈಸೂರು ಹಡಗುಗಳು ಮುಂಬೈಯಿಂದ ಸುಯೆಜ್ ದಾಟಿ ಬರಬೇಕಿತ್ತು. ಅದಕ್ಕೆ ದಿನಗಳು ಹಿಡಿಯುತ್ತವೆ. ಅಷ್ಟರೊಳಗೆ ಸರ್ಕಾರ ಬಾಡಿಗೆಗೆ ಪಡೆದ ಸ್ಕಾಟಿಯ ಪ್ರಿನ್ಸ್ ಎಂಬ ಪ್ರಯಾಣಿಕರ ಹಡಗು ಬಂತು, ಸಾವಿರಕ್ಕೂ ಹೆಚ್ಚು ಜನ ಈಜಿಪ್ಟಿನ ಅಲೆಕ್ಸಾಂಡ್ರಿಯ ಸೇರಿದೆವು. ಮೂರು ತಿಂಗಳ ಸಂಬಳ ಬರಬೇಕಿದೆಯೆಂದು ಕೆಲವರು ಉಳಿದರು. ನನಗೂ ಬರಬೇಕಿತ್ತು, ಬಿಟ್ಟು ಬಂದೆ. ತಮ್ಮನಿಗೆ ಖಡಾಖಂಡಿತವಾಗಿ ಹೇಳಿ: ಯಾವ ಹಡಗು ಮೊದಲು ಬರುತ್ತದೋ ಅದನ್ನೇ ಹತ್ತಲಿ, ಬಾಕಿಯ ಲೆಕ್ಕ ಆಮೇಲೆ.

ಜಾಲಹಳ್ಳಿಯಿಂದ, ನಿವೃತ್ತ ನಾವಿಕ:
ತಾಯಿ, ಯುದ್ಧನೌಕೆಯಲ್ಲಿ ಪ್ರಯಾಣಿಕರ ಕೋಣೆಗಳಿರುವುದಿಲ್ಲ. 2015ರಲ್ಲಿ ಯೆಮನ್ನಿನ ಏಡನ್‌ನಿಂದ 349 ಜನರನ್ನು ಜಿಬೂಟಿಗೆ ತಂದ ಐಎನ್‌ಎಸ್ ಸುಮಿತ್ರಾ ಕಡಲುಗಳ್ಳರ ವಿರುದ್ಧ ಗಸ್ತಿನಲ್ಲಿದ್ದ ಹಡಗು. ಹಾಗಾಗಿ ಒಂದೇ ಕೈಚೀಲ ಸಾಕು. ವಾಂತಿ ತಡೆಯುವ ಮಾತ್ರೆ, ದಿನನಿತ್ಯದ ಔಷಧಿ ಮರೆಯದಿರಲಿ. ಮಲಗಲು ನೆಲ ಸಿಕ್ಕರೂ ಹಡಗಿನ ಹುಡುಗರು ತಮ್ಮ ಪಾಲಿನ ಅನ್ನವನ್ನು ಬಂದವರಿಗೇ ಮೊದಲು ಬಡಿಸುತ್ತಾರೆ.

ರಾಜಾಜಿನಗರದಿಂದ:
ಪಾಸ್‌ಪೋರ್ಟ್ ಕಂಪನಿಯಲ್ಲೇ ಇದೆಯಂತೆ. ಬೆಳಿಗ್ಗೆಯೇ ಹೋಗಿ ಕೇಳುತ್ತಾನೆ. ಹಳದಿ ಜ್ವರದ ಕಾರ್ಡು ಇಲ್ಲೇ ಬೀರುವಿನಲ್ಲಿ ಸಿಕ್ಕಿತು, ಈಗಷ್ಟೇ ಚಿತ್ರ ತೆಗೆದು ಕಳಿಸಿದೆ. ಅಮ್ಮ ಎರಡು ತುತ್ತು ಉಂಡರು.