ಮಾವಂದಿರ ಪಾಲಿನ ಕೇಸಲ್ಲಿ ಅಮ್ಮನ ಹೆಸರೇ ಇಲ್ಲ, ಈಗ ಸೇರಿಸೋಕಾಗತ್ತಾ?

ಹಳೇ ಟ್ರಂಕು:
ಎಲ್ರಿಗೂ ನಮಸ್ಕಾರ. ನಮ್ಮ ತಾತ ತೀರ್ಕೊಂಡು ತುಂಬಾ ವರ್ಷ ಆಯ್ತು, ವಿಲ್ ಬರೆದಿಲ್ಲ, ಜಮೀನು ಪಿತ್ರಾರ್ಜಿತ. ಇಬ್ರು ಗಂಡು ಮಕ್ಕಳು, ನಮ್ಮಮ್ಮ ಒಬ್ಳೇ ಮಗಳು. ಚಿಕ್ಕ ಮಾವ ದೊಡ್ಡ ಮಾವನ ಮೇಲೆ ಪಾರ್ಟಿಷನ್ ಸೂಟ್ (ಪಾಲಿನ ದಾವೆ) ಹಾಕಿ ಮೂರು ವರ್ಷ ಆಗಿದ್ಯಂತೆ, ನಮಗೆ ಗೊತ್ತಾಗಿದ್ದು ಹೋದ ತಿಂಗಳು, ಅದೂ ಮದುವೆ ಮನೇಲಿ ಯಾರೋ ಬಾಯ್ತಪ್ಪಿ ಹೇಳಿದ್ದಕ್ಕೆ. ಅರ್ಜಿ ಹಾಕಿ ಕಾಪಿ ತೆಗೆಸಿ ನೋಡಿದ್ರೆ ದಾವೆ ಜೊತೆ ಕೊಟ್ಟಿರೋ ವಂಶವೃಕ್ಷದಲ್ಲಿ ತಾತನ ಕೆಳಗೆ ಎರಡೇ ಗೆರೆ, ಅಮ್ಮ ಹುಟ್ಟೇ ಇಲ್ಲ ಅನ್ನೋ ಥರ! ಈಗ ಎವಿಡೆನ್ಸ್ (ಸಾಕ್ಷಿ ವಿಚಾರಣೆ) ನಡೀತಿದೆ, ರಾಜಿ ಮಾಡ್ಕೋತಾರೆ ಅಂತಾನೂ ಸುದ್ದಿ. ಈ ಹಂತದಲ್ಲಿ ಅಮ್ಮನ್ನ ಸೇರಿಸಬಹುದಾ, ಅದಕ್ಕೆ ಮಾವ ಒಪ್ಪಲೇಬೇಕಾ?

ಕಾಲಂ ಒಂಬತ್ತು:
ಎವಿಡೆನ್ಸ್ ಶುರು ಆದ್ಮೇಲೆ ಕಷ್ಟ ಅನ್ಸತ್ತೆ. ಯಾರ ಮೇಲೆ ಕೇಸ್ ಹಾಕ್ಬೇಕು ಅನ್ನೋದು ವಾದಿ ಇಷ್ಟ ಅಲ್ವಾ. ಬೇರೆ ದಾವೆ ಹಾಕಿ, ಪಾರ್ಟಿ ಅಲ್ಲದೋರಿಗೆ ಆ ಡಿಕ್ರಿ (ಕೋರ್ಟಿನ ತೀರ್ಪಿನ ಆದೇಶ) ಹೇಗೂ ಅನ್ವಯ ಆಗಲ್ಲ.

ಕರಿಕೋಟು:
ಮೇಲಿನವರು ಹೇಳಿದ್ರಲ್ಲಿ ಕೊನೇ ಮಾತು ಸರಿ, ಉಳಿದಿದ್ದು ಅಲ್ಲ. ಸಿಪಿಸಿ (ಸಿವಿಲ್ ಪ್ರಕ್ರಿಯಾ ಸಂಹಿತೆ) ಆರ್ಡರ್ 1 ರೂಲ್ 10(2) ನೋಡಿ, "ಯಾವ ಹಂತದಲ್ಲಾದ್ರೂ" ಅಂತಾನೇ ಇದೆ, ಯಾರೂ ಅರ್ಜಿ ಹಾಕ್ದೇ ಇದ್ರೂ ಕೋರ್ಟೇ ಸೇರಿಸಬಹುದು. ವಾದಿ ತಕರಾರು ಹಾಕಬಹುದು ಅಷ್ಟೇ, ಒಪ್ಪಲೇಬೇಕು ಅಂತಿಲ್ಲ. ಒಪ್ಪಿಗೆ ಬೇಕಾಗೋದು ಯಾರನ್ನಾದ್ರೂ ವಾದಿಯಾಗಿ ಸೇರಿಸುವಾಗ, ಅದೂ ಸೇರೋರ ಒಪ್ಪಿಗೆ. ನಿಮ್ಮಮ್ಮ ಪ್ರತಿವಾದಿಯಾಗಿ ಬರಲಿ, ಏನೂ ನಷ್ಟ ಇಲ್ಲ, ಪಾಲಿನ ದಾವೇಲಿ ಪ್ರತಿವಾದಿಗೂ ಪಾಲು ಸಿಗತ್ತೆ. ರಿಟನ್ ಸ್ಟೇಟ್‌ಮೆಂಟಲ್ಲಿ (ಪ್ರತಿವಾದಿ ಕೊಡೋ ಲಿಖಿತ ಉತ್ತರ) ಪಾಲು ಬೇಕು ಅಂತ ಕೇಳಿ ಅದಕ್ಕೆ ಕೋರ್ಟ್ ಫೀ ಕಟ್ಟಬೇಕು, ಬಹಳ ಜನ ಇದನ್ನ ಮರೀತಾರೆ.

ಜಡ್ಜ್ ನೋಡೋದು "ಇವರಿಗೆ ಆಸಕ್ತಿ ಇದ್ಯಾ" ಅಂತಲ್ಲ, ಇವರಿಲ್ಲದೆ ಸರಿಯಾದ ಡಿಕ್ರಿ ಕೊಡೋಕಾಗತ್ತಾ ಅಂತ. ಪಾಲಿನ ಕೇಸಲ್ಲಿ ಎಲ್ಲಾ ಪಾಲುದಾರರೂ ಇರಲೇಬೇಕಾದ ಪಾರ್ಟಿಗಳು. ಕನಕರತ್ನಮ್ಮಾಳ್ ಕೇಸಲ್ಲಿ ನಿಮ್ಮದರ ಉಲ್ಟಾ, ಅಲ್ಲಿ ಆಯಮ್ಮ ಅಣ್ಣತಮ್ಮಂದಿರನ್ನ ಪಾರ್ಟಿ ಮಾಡಿರ್ಲಿಲ್ಲ ಅಂತ ಸುಪ್ರೀಂ ಕೋರ್ಟಲ್ಲಿ ದಾವೆನೇ ಬಿದ್ಹೋಯ್ತು. ಹಾಗಾಗಿ ನಿಮ್ಮ ಚಿಕ್ಕ ಮಾವನ ವಕೀಲರಿಗೆ ಬುದ್ಧಿ ಇದ್ರೆ ತಕರಾರೇ ಹಾಕಲ್ಲ.

ಒಂದು ಪ್ರಶ್ನೆ, 20-12-2004ಕ್ಕಿಂತ ಮುಂಚೆ ರಿಜಿಸ್ಟರ್ ಆದ ವಿಭಾಗ ಪತ್ರ ಏನಾದ್ರೂ ಇದ್ಯಾ? ಇದ್ರೆ ಕಥೆ ಬೇರೆ. ಇಲ್ಲ ಅಂದ್ರೆ ಹಿಂದೂ ಉತ್ತರಾಧಿಕಾರ ಕಾಯ್ದೆಯ 2005ರ ತಿದ್ದುಪಡಿ ಪ್ರಕಾರ ಮಗಳಿಗೂ ಹುಟ್ಟಿನಿಂದಲೇ ಹಕ್ಕು, ತಾತ ಯಾವಾಗ ತೀರ್ಕೊಂಡ್ರು ಅನ್ನೋದು ಅಡ್ಡ ಬರಲ್ಲ, ಸುಪ್ರೀಂ ಕೋರ್ಟಿನ 2020ರ ವಿನೀತಾ ಶರ್ಮಾ ತೀರ್ಪಲ್ಲಿ ಅದು ಇತ್ಯರ್ಥ ಆಗಿದೆ.

ಸೈಟು ಸಂಕಟ:
ಮಧ್ಯೆ ಬಂದೆ, ಕ್ಷಮಿಸಿ. ನಮ್ಮದು ಅಂತ ನಾವು ಹೇಳ್ತಿರೋ ಜಾಗಾನ ಬೇರೆಯವರು ಮಾರ್ತೀನಿ ಅಂತ ಅಗ್ರಿಮೆಂಟ್ ಮಾಡ್ಕೊಂಡು, ಈಗ ಕೊಳ್ಳೋನು ರಿಜಿಸ್ಟರ್ ಮಾಡಿಕೊಡಿ ಅಂತ ಮಾರೋನ ಮೇಲೆ ಕೇಸ್ ಹಾಕಿದಾನೆ. ನಾನೂ ಇಂಪ್ಲೀಡ್ ಆಗಬಹುದಲ್ವಾ (ಆ ಕೇಸಲ್ಲಿ ಪಾರ್ಟಿಯಾಗಿ ಸೇರಬಹುದಲ್ವಾ)?

ಕರಿಕೋಟು:
ನಿಮಗೆ ಕಷ್ಟ. ಅದು ಅಗ್ರಿಮೆಂಟಿನ ಜಗಳ, ಟೈಟಲ್ (ಜಾಗ ಯಾರದ್ದು ಅನ್ನೋ) ಜಗಳ ಅಲ್ಲ. ಕಸ್ತೂರಿ ವರ್ಸಸ್ ಅಯ್ಯಂಪೆರುಮಾಳ್ (2005) ನಿಮ್ಮಂಥದೇ, ಮಾರೋನಿಗೆ ವಿರುದ್ಧವಾಗಿ ಹಕ್ಕು ಹೇಳೋ ಹೊರಗಿನೋರನ್ನ ಸೇರಿಸಲ್ಲ ಅಂದ್ರು. ನೀವು ಡಿಕ್ಲರೇಷನ್‌ಗೆ (ಜಾಗ ನಮ್ಮದು ಅಂತ ಕೋರ್ಟ್ ಘೋಷಿಸೋಕೆ) ಬೇರೆ ದಾವೆ ಹಾಕಿ.

ನಾಲ್ಕನೇ ಪ್ರತಿವಾದಿ:
ಹಳೇ ಟ್ರಂಕು ಅವ್ರೇ, ನಮ್ಮತ್ತೆ ಕೇಸಲ್ಲಿ ಇದನ್ನೇ ಮಾಡಿದ್ವಿ, ಮೊದಲನೇ ಸಲ ಐಎ (ಸೇರಿಸಿ ಅಂತ ಹಾಕೋ ಮಧ್ಯಂತರ ಅರ್ಜಿ) ವಜಾ ಆಯ್ತು. ಯಾಕೆ ಗೊತ್ತಾ, ಅಫಿಡವಿಟಲ್ಲಿ "ನನಗೂ ಹಕ್ಕಿದೆ" ಅಂತ ಒಂದೇ ಸಾಲು, ಮಗಳು ಅನ್ನೋಕೆ ಒಂದು ದಾಖಲೆನೂ ಇಟ್ಟಿರ್ಲಿಲ್ಲ. ಆಮೇಲೆ ಅತ್ತೆ ಶಾಲೆ ಟಿಸಿ ಸಿಕ್ತು, ಅಪ್ಪನ ಹೆಸರು ನೀಲಿ ಇಂಕಲ್ಲಿ, ಮೂಲೆ ಇಲಿ ತಿಂದಿತ್ತು ಆದ್ರೂ ಹೆಸರು ಉಳಿದಿತ್ತು, ಅದು ಮತ್ತೆ ಬೇರೆ ವಂಶವೃಕ್ಷ ಇಟ್ಟು ಹೊಸದಾಗಿ ಹಾಕಿದ್ಮೇಲೆ ಅಲೋ ಆಯ್ತು. ಕೇಸು ಯಾವಾಗ, ಹೇಗೆ ಗೊತ್ತಾಯ್ತು ಅನ್ನೋದನ್ನೂ ತಾರೀಖಿನ ಸಮೇತ ಬರೀರಿ, ಇಷ್ಟು ದಿನ ಎಲ್ಲಿದ್ರಿ ಅಂತ ಕೇಳೇ ಕೇಳ್ತಾರೆ. ಮತ್ತೆ ರಾಜಿ ವಿಷ್ಯ ಹಗುರ ಮಾಡ್ಬೇಡಿ, ಲೋಕ್ ಅದಾಲತಲ್ಲಿ ಆಗ್ಬಿಟ್ರೆ ಅದಕ್ಕೆ ಅಪೀಲ್ ಇಲ್ಲ, ಖಾತೆ ಬದಲಾಗಿ ಜಮೀನು ಮಾರಾಟ ಆದ್ಮೇಲೆ ಹಿಂದೆ ಓಡ್ಬೇಕು.

ಹಳೇ ಟ್ರಂಕು:
ತುಂಬಾ ಥ್ಯಾಂಕ್ಸ್. ವಿಭಾಗ ಪತ್ರ ಇದ್ಯಾ ಅಂತ ನೋಡೋಕೆ ಇಸಿಗೆ (ಋಣಭಾರ ಪ್ರಮಾಣಪತ್ರ) ಹಾಕಿದೀವಿ. ಅಮ್ಮ ಮಾತ್ರ ಅಣ್ಣತಮ್ಮಂದಿರ ಮೇಲೆ ಕೇಸಾ ಅಂತ ಎರಡು ದಿನದಿಂದ ಸರಿಯಾಗಿ ಊಟ ಮಾಡ್ತಿಲ್ಲ. ನಿನ್ನೆ ರಾತ್ರಿ ಆ ವಂಶವೃಕ್ಷದ ಹಾಳೆ ತೋರಿಸಿದೆ. ಕನ್ನಡಕ ಹಾಕ್ಕೊಂಡು ತುಂಬಾ ಹೊತ್ತು ನೋಡಿದ್ರು, ಏನೂ ಮಾತಾಡ್ಲಿಲ್ಲ. ಬೆಳಿಗ್ಗೆ ಎದ್ದು ತಾವೇ ಟ್ರಂಕ್ ಇಳಿಸು ಅಂದ್ರು. ಟಿಸಿ ಇನ್ನೂ ಸಿಕ್ಕಿಲ್ಲ, ಮುಂದಿನ ಡೇಟ್‌ಗೆ ಹನ್ನೆರಡು ದಿನ ಇದೆ.