ಮುಶ್ಯಾ ಎಂಬ ಪದದ ಮೂಲ ಯಾವುದು?

ಪ್ರಶ್ನೆ (ಹಾವೇರಿ): ನಮ್ಮ ಕಡೆ ಕೆಂಪು ಮೋರೆಯದನ್ನು ಮಂಗ್ಯಾ ಎಂದೂ, ಹೆಂಚಿನ ಮೇಲೆ ಉದ್ದ ಬಾಲ ಇಳಿಬಿಟ್ಟು ಕೂರುವ ಕರಿಮೋರೆಯದನ್ನು ಮುಶ್ಯಾ ಎಂದೂ ಕರೆಯುತ್ತಾರೆ. ಮಸಿ ಬಳಿದಂಥ ಮೋರೆಯಿಂದಲೇ ಈ ಹೆಸರು ಬಂದಿತೆಂಬುದು ನಿಜವೇ?

ಉತ್ತರ (ಧಾರವಾಡ): ಮುಶ್ಯಾ ಎಂಬುದು ಮುಸುವ ಎಂಬ ಪದದ ಆಡುರೂಪ. ತಮಿಳಿನಲ್ಲಿಯೂ ಇದೇ ಪ್ರಾಣಿಗೆ ಮುಸು ಎಂಬ ಹೆಸರಿದ್ದು, ತಮಿಳಿನ ಪ್ರಾಚೀನ ವ್ಯಾಕರಣ ಗ್ರಂಥವಾದ ತೊಲ್ಕಾಪ್ಪಿಯಂ ಕುರಂಗು (ಮಂಗ) ಮತ್ತು ಮುಸುಗಳನ್ನು ಬೇರೆಬೇರೆಯಾಗಿ ಹೆಸರಿಸುವುದರಿಂದ, ಇದನ್ನು ದ್ರಾವಿಡ ಭಾಷೆಗಳ ಹಳೆಯ ಪದವೆಂದೇ ಎಣಿಸಬೇಕು. ಮಸಿಯ ಕಥೆ ಚೆಂದವಿದೆ. ಆದರೆ ಮೊದಲ ಅಕ್ಷರದ ಉಕಾರ ಎಲ್ಲಿಂದ ಬಂತೆಂದು ಅದು ಹೇಳುವುದಿಲ್ಲ.

ಉತ್ತರ (ಗದಗ): ಒಪ್ಪಿದೆ. ಶಿಶುನಾಳ ಶರೀಫರ ತತ್ವಪದದಲ್ಲಿ ಕೋಳಿ ನುಂಗಿದ ಕೋಡಗವೂ ಇಂಥದೇ ಹಳೆಯ ಪದ, ತಮಿಳಿನ ಕೋಡರಂ ಅದರ ಬಳಗದ್ದು. ಆದರೆ ಕೋಡಗ ಯಾವ ಮಂಗಕ್ಕೂ ಸಲ್ಲುತ್ತದೆ, ಮುಸುವ ಕರಿಮೋರೆಯದಕ್ಕೆ ಮಾತ್ರ.