ಪಾಪಪ್‌ನ ಕ್ಲೋಸ್ ಬಟನ್ ಒಂದ್ಸಲ ಒತ್ತುತ್ತೆ ಒಂದ್ಸಲ ಒತ್ತಲ್ಲ, ಸಹಾಯ ಮಾಡಿ

ಕರಾವಳಿ_ಕೋಡ್: ಎರಡು ದಿನದಿಂದ ತಲೆ ಕೆಟ್ಟೋಗಿದೆ. ನನ್ನ ಆ್ಯಪಿನ ಟೈಟಲ್ ಬಾರ್ (ವಿಂಡೋ ಮೇಲಿನ ಪಟ್ಟಿ) ನಾನೇ ಮಾಡ್ಕೊಂಡಿದೀನಿ, ಅದು ಸರಿಯಾಗೇ ಇದೆ, ಆದ್ರೆ ಸೆಟ್ಟಿಂಗ್ಸ್ ಪಾಪಪ್ ತೆಗೆದ್ರೆ ಅದರ ಕ್ಲೋಸ್ ಬಟನ್ ಒಂದ್ಸಲ ಕೆಲ್ಸ ಮಾಡುತ್ತೆ ಒಂದ್ಸಲ ಇಲ್ಲ. ಎರರ್ ಏನೂ ಬರಲ್ಲ. ಸೋಮವಾರ ಡೆಮೋ ಇದೆ.

ಬಯಲುಸೀಮೆ: ಯಾವುದ್ರಲ್ಲಿ ಬರೆದಿದೀರಿ? ಯಾವ ಓಎಸ್ಸು?

ಕರಾವಳಿ_ಕೋಡ್: ಎಲೆಕ್ಟ್ರಾನ್ (ವೆಬ್ ಪೇಜನ್ನೇ ಡೆಸ್ಕ್‌ಟಾಪ್ ಆ್ಯಪ್ ಮಾಡುತ್ತಲ್ಲ, ಅದು), ವಿಂಡೋಸ್ 11. ಫ್ರೇಮ್ ಫಾಲ್ಸ್ ಕೊಟ್ಟಿದೀನಿ, ಅಂದ್ರೆ ವಿಂಡೋಸಿನ ಮಾಮೂಲಿ ಟೈಟಲ್ ಬಾರ್ ಇಲ್ಲ.

ಸಿಎಸ್ಎಸ್_ಗುರು: ನೂರಕ್ಕೆ ನೂರು ಝಡ್-ಇಂಡೆಕ್ಸ್, ಪೇಜಲ್ಲಿ ಯಾವುದು ಯಾವುದರ ಮೇಲೆ ಅಂತ ಹೇಳೋ ನಂಬರು. ಪಾಪಪ್‌ಗೆ 9999 ಕೊಡಿ.

ಕರಾವಳಿ_ಕೋಡ್: ಕೊಟ್ಟೆ. ಅದೇ ಕಥೆ.

ಸಿಎಸ್ಎಸ್_ಗುರು: ಹಂಗಾದ್ರೆ ಪೇರೆಂಟ್‌ಗೆ ಟ್ರಾನ್ಸ್‌ಫಾರ್ಮ್ ಇರುತ್ತೆ, ಸ್ಟ್ಯಾಕಿಂಗ್ ಕಾಂಟೆಕ್ಸ್ಟೇ ಬೇರೆ ಆಗಿರುತ್ತೆ, ಆ ನಂಬರು ಪೇರೆಂಟ್ ಒಳಗಷ್ಟೇ ಲೆಕ್ಕಕ್ಕೆ. ಪಾಪಪ್ಪನ್ನ ನೇರ ಪೇಜಿನ ಬಾಡಿ ಟ್ಯಾಗ್ ಒಳಗೆ ಹಾಕಿ.

ತುಕ್ಕು_ಪ್ರೇಮಿ: ಇಷ್ಟು ಸಣ್ಣ ಆ್ಯಪ್‌ಗೆ ಇಡೀ ಕ್ರೋಮಿಯಂ ಬ್ರೌಸರ್ ಹೊತ್ಕೊಂಡು ತಿರುಗ್ಬೇಕಾ? ಇದೇ ಕೆಲ್ಸಕ್ಕಿರೋ ಹಗುರವಾದ ಟೌರಿಗೆ ಬನ್ನಿ.

ಬಯಲುಸೀಮೆ: ಸೋಮವಾರ ಡೆಮೋ ಅಂತಿದಾರೆ, ಈಗ ಟೌರಿಗೆ ಹೋಗೋದಾ ಮಾರಾಯ್ರೆ?

ಕರಾವಳಿ_ಕೋಡ್: ಬಾಡಿಗೂ ಹಾಕಿದೆ, ಇಲ್ಲ. ಒಂದು ಗಮನಿಸಿದೆ, ಬಟನ್ನಿನ ಕೆಳಗರ್ಧಕ್ಕೆ ಮೌಸ್ ತಂದ್ರೆ ಕೆಂಪಾಗುತ್ತೆ, ಮೇಲರ್ಧಕ್ಕೆ ತಂದ್ರೆ ಬಣ್ಣ ಬದಲಾಗೋದೇ ಇಲ್ಲ.

ಬಯಲುಸೀಮೆ: ಆ ಮೇಲರ್ಧದ ಮೇಲೆ ಡಬಲ್ ಕ್ಲಿಕ್ ಮಾಡಿ.

ಕರಾವಳಿ_ಕೋಡ್: ವಿಂಡೋನೇ ಮ್ಯಾಕ್ಸಿಮೈಸ್ ಆಯ್ತು!!

ಬಯಲುಸೀಮೆ: ಸಿಕ್ತು. ಬಾರ್ ಎತ್ತರ 32 ಪಿಕ್ಸೆಲ್ ಅನ್ಕೊಳ್ಳಿ, ಬಟನ್ 24ರದ್ದು, 20ನೇ ಪಿಕ್ಸೆಲ್ಲಿಂದ ಶುರು ಆದ್ರೆ ಅದರ ಮೇಲಿನ 12 ಪಿಕ್ಸೆಲ್ ಬಾರ್ ಮೇಲೇ ಕೂತಿದೆ. ಹಿಡಿದು ವಿಂಡೋ ಎಳೆಯೋಕೆ ಅಂತ ಬಾರ್‌ಗೆ ಆ್ಯಪ್-ರೀಜನ್ ಡ್ರ್ಯಾಗ್ ಕೊಟ್ಟಿರ್ತೀರಲ್ಲ, ಆ ಜಾಗ ವಿಂಡೋಸ್ ಕಣ್ಣಿಗೆ ನಿಜವಾದ ಟೈಟಲ್ ಬಾರು. ಅಲ್ಲಿ ಮಾಡಿದ ಕ್ಲಿಕ್ಕು, ಹೋವರ್ರು ಪೇಜಿಗೆ ಬರೋದೇ ಇಲ್ಲ, ಝಡ್-ಇಂಡೆಕ್ಸ್ ಎಷ್ಟು ಕೊಟ್ರೂ ವಿಂಡೋಸ್‌ಗೆ ಗೊತ್ತಾಗಲ್ಲ. ಪಾಪಪ್‌ಗೆ ಆ್ಯಪ್-ರೀಜನ್ ನೋ-ಡ್ರ್ಯಾಗ್ ಹಾಕಿ, ಅಷ್ಟು ಜಾಗ ಎಳೆಯೋ ಜಾಗದಿಂದ ಬಿಟ್ಟೋಗುತ್ತೆ.

ಸಿಎಸ್ಎಸ್_ಗುರು: ಆದ್ರೂ ಸ್ಟ್ಯಾಕಿಂಗ್ ಕಾಂಟೆಕ್ಸ್ಟ್ ಒಂದ್ಸಲ ನೋಡ್ಕೊಳ್ಳಿ, ನಂಗೆ ಹಿಂದೆ ಅದರಿಂದಲೇ ಆಗಿತ್ತು.

ತುಕ್ಕು_ಪ್ರೇಮಿ: ಇದಕ್ಕೇ ನಾನು ಹೇಳಿದ್ದು. ಟೌರಿಲಿ ಡ್ರ್ಯಾಗ್ ಶುರುವಾಗೋದೇ ಮೌಸ್‌ಡೌನ್ ಇವೆಂಟಿಂದ, ಮೇಲೆ ಪಾಪಪ್ ಇದ್ರೆ ಕ್ಲಿಕ್ ಅದಕ್ಕೇ ಹೋಗುತ್ತೆ.

ಕರಾವಳಿ_ಕೋಡ್: ನೋ-ಡ್ರ್ಯಾಗ್ ಹಾಕಿದೆ, ಪೂರ್ತಿ ಬಟನ್ ಕೆಲ್ಸ ಮಾಡ್ತಿದೆ, ತುಂಬಾ ಥ್ಯಾಂಕ್ಸ್ ಸರ್! ಇನ್ನೊಂದು, ಮ್ಯಾಕ್ಸಿಮೈಸ್ ಬಟನ್ ಮೇಲೆ ಮೌಸ್ ಇಟ್ರೆ ಬೇರೆ ಆ್ಯಪಲ್ಲಿ ಸ್ನ್ಯಾಪ್ ಲೇಔಟ್ (ವಿಂಡೋಗಳನ್ನ ಪಕ್ಕಪಕ್ಕ ಜೋಡಿಸೋ ಚೌಕಗಳು) ಬರುತ್ತಲ್ಲ, ನನ್ನದ್ರಲ್ಲಿ ಬರಲ್ಲ.

ಬಯಲುಸೀಮೆ: ಅದು ನೀವು ಬರೆದ ಎಚ್‌ಟಿಎಂಎಲ್ ಬಟನ್, ಮ್ಯಾಕ್ಸಿಮೈಸ್ ಅಂತ ವಿಂಡೋಸ್‌ಗೆ ಹೆಂಗೆ ಗೊತ್ತಾಗ್ಬೇಕು. ಫ್ರೇಮ್ ಫಾಲ್ಸ್ ತೆಗೆದು ಟೈಟಲ್‌ಬಾರ್‌ಸ್ಟೈಲ್ ಹಿಡನ್ ಕೊಡಿ, ಜೊತೆಗೆ ಟೈಟಲ್‌ಬಾರ್‌ಓವರ್‌ಲೇ ಟ್ರೂ. ಮಿನಿಮೈಸ್, ಮ್ಯಾಕ್ಸಿಮೈಸ್, ಕ್ಲೋಸ್ ಮೂರು ಬಟನ್ನೂ ಎಲೆಕ್ಟ್ರಾನೇ ಹಾಕಿ, ಯಾವುದು ಮ್ಯಾಕ್ಸಿಮೈಸ್ ಅಂತ ವಿಂಡೋಸ್‌ಗೆ ಹೇಳುತ್ತೆ, ನಿಮ್ಮವನ್ನ ತೆಗೆದುಬಿಡಿ.

ಟೈಲಿಂಗ್_ಮಂಜ: ನಾನು ಲಿನಕ್ಸಲ್ಲಿ ಐ3 (ವಿಂಡೋಗಳನ್ನ ತಾನೇ ಪಕ್ಕಪಕ್ಕ ಜೋಡಿಸೋ ವಿಂಡೋ ಮ್ಯಾನೇಜರ್) ಹಾಕ್ಕೊಂಡು ಟೈಟಲ್ ಬಾರೇ ತೆಗೆದಿದೀನಿ, ಎರಡು ಮಾನಿಟರ್, ಎಲ್ಲ ಕೀಬೋರ್ಡಲ್ಲೇ. ಸ್ಕ್ರೀನ್‌ಶಾಟ್ ಹಾಕ್ಲಾ?

ತುಕ್ಕು_ಪ್ರೇಮಿ: ಹಾಕಿ ಹಾಕಿ, ಸ್ಟೇಟಸ್ ಬಾರ್ ಯಾವುದು?